ತೆರೆಯ ಮೇಲೆ ಮೃಚ್ಛಕಟಿಕ

ಸಂಸ್ಕೃತರೂಪಕವೊಂದು ಚಲಚ್ಚಿತ್ರವಾದಾಗ, ಕಥೆಯಲ್ಲಿ ಉಳಿದುದೆಷ್ಟು, ಅಳಿದುದೆಷ್ಟು ಎಂಬುದನ್ನೇ ವಿಮರ್ಶಕರು ಸಾಮಾನ್ಯವಾಗಿ ಎಣಿಸುತ್ತಾರೆ. ಶೂದ್ರಕನ ಮೃಚ್ಛಕಟಿಕದ ಮಟ್ಟಿಗೆ ಈ ಅಳತೆಯು ಸಾಲದು.

ಹತ್ತು ಅಂಕಗಳ ಈ ಪ್ರಕರಣಕ್ಕೆ ದರಿದ್ರನಾದ ಚಾರುದತ್ತನಿಗೂ ಉಜ್ಜಯಿನಿಯ ಗಣಿಕೆ ವಸಂತಸೇನೆಗೂ ಇರುವ ಅನುರಾಗವೇ ಬೀಜ. ಆದರೆ ಆ ನಗರವು ನಮಗೆ ಕಾಣುವುದು ಅದರ ಮಾತುಗಳ ಮೂಲಕ. ಚಾರುದತ್ತನದು ಸಂಸ್ಕೃತ, ವಸಂತಸೇನೆಯದು ಬಹುಮಟ್ಟಿಗೆ ಶೌರಸೇನಿ. ವ್ಯಾಖ್ಯಾನಕಾರನಾದ ಪೃಥ್ವೀಧರನು ಇದರಲ್ಲಿ ನಾಲ್ಕು ಪ್ರಾಕೃತಗಳನ್ನೂ ಮೂರು ಅಪಭ್ರಂಶಗಳನ್ನೂ ಗುರುತಿಸಿದ್ದಾನೆ. ರಾಜನ ಮೈದುನನು ಸಕಾರದ ಎಡೆಯಲ್ಲಿ ಶಕಾರವನ್ನು ಉಚ್ಚರಿಸುವುದರಿಂದಲೇ ಶಕಾರನೆನಿಸಿದನು. ಕುಂತಿಯನ್ನು ರಾವಣನ ವಶಕ್ಕೆ ಕೊಟ್ಟು ಪುರಾಣವನ್ನು ಕಲಸುವ ಅವನ ಹಾಸ್ಯವೂ, ಅದರ ಹಿಂದಿನ ಕ್ರೌರ್ಯವೂ ನಾಲಗೆಯನ್ನೇ ಆಶ್ರಯಿಸಿವೆ.

1930ರ ಸುಮಾರಿಗೆ ಮೋಹನ ಭವನಾನಿಯವರು ಇದನ್ನು ‘ವಸಂತಸೇನಾ’ ಎಂಬ ಮೂಕಚಿತ್ರವಾಗಿ ನಿರ್ದೇಶಿಸಿದರು. ಮಂಗಳೂರಿನಲ್ಲಿ ಜನಿಸಿದ ಕಮಲಾದೇವಿ ಚಟ್ಟೋಪಾಧ್ಯಾಯರೂ, ಟಿ. ಪಿ. ಕೈಲಾಸಂ ಅವರೂ ಅದರಲ್ಲಿ ಅಭಿನಯಿಸಿದರು. ಕುಲೀನ ಸ್ತ್ರೀಯರು ತೆರೆಗೆ ಬರಲು ಅಂಜುತ್ತಿದ್ದ ಕಾಲದಲ್ಲಿ ಕಮಲಾದೇವಿಯವರದು ಸಾಹಸವೇ ಸರಿ. ಆದರೆ ವಿಧಿಯ ವಿನೋದವನ್ನು ನೋಡಿರಿ: ಮನೆಮಾತಿನ ಕನ್ನಡಕ್ಕೆ ಇಂಗ್ಲಿಷನ್ನು ಬೆರೆಸಿ, ಆಡುನುಡಿಗೆ ರಂಗಮರ್ಯಾದೆಯನ್ನು ದೊರಕಿಸಿದ ಕೈಲಾಸಂ ಅವರು, ನಾನಾ ನುಡಿಗಳಿಂದಲೇ ಜೀವಿಸುವ ರೂಪಕದಲ್ಲಿ ಮೂಕರಾಗಿ ನಿಲ್ಲಬೇಕಾಯಿತು!

1941ರಲ್ಲಿ ರಾಮಯ್ಯರ್ ಶಿರೂರರು ನಿರ್ದೇಶಿಸಿದ ‘ವಸಂತಸೇನಾ’ ಕನ್ನಡ ವಾಕ್ಚಿತ್ರವು ಈ ಕೊರತೆಯನ್ನು ನೀಗಿಸುವ ಹಾದಿಯನ್ನು ತೆರೆಯಿತು. ಎಂ. ವಿ. ಸುಬ್ಬಯ್ಯನಾಯಿಡು ಅವರು ಚಾರುದತ್ತ, ಲಕ್ಷ್ಮೀಬಾಯಿಯವರು ವಸಂತಸೇನೆ, ಆರ್. ನಾಗೇಂದ್ರರಾಯರು ಶಕಾರ. 1934ರ ‘ಸತೀಸುಲೋಚನಾ’ದಲ್ಲಿ ಕನ್ನಡ ವಾಕ್ಚಿತ್ರದ ಉದಯವನ್ನು ಕಂಡ ಈ ನಟರಿಗೆ ವೃತ್ತಿರಂಗದ ಶಿಕ್ಷಣವಿದ್ದಿತು. ಅವರಲ್ಲಿ ನಾಗೇಂದ್ರರಾಯರ ಶಕಾರನೇ ವಿಶೇಷ ಪ್ರಶಂಸೆಗೆ ಪಾತ್ರನಾದನು. ನಾಯಕನಿಗಿಂತ ಪ್ರತಿನಾಯಕನು ಮೆರೆದುದು ಆಕಸ್ಮಿಕವಲ್ಲ. ಧ್ವನಿ ಬಂದೊಡನೆ ಅದರ ಮೊದಲ ಫಲವು ಶಕಾರನಿಗೆ ಸಲ್ಲುವುದು ಸಹಜ.

ಸಂಸ್ಕೃತ ಪಾಠಶಾಲೆಗಳಲ್ಲಿ ಪ್ರಾಕೃತವಾಕ್ಯಗಳನ್ನು ಬಿಟ್ಟು ಅವುಗಳ ಛಾಯೆಯನ್ನು ಮಾತ್ರ ಓದಿಸುವ ರೂಢಿಯುಂಟು. ನಾನೂ ಹಾಗೆಯೇ ಓದಿದವನು. ಛಾಯೆಯಲ್ಲಿ ಶಕಾರನು ಶುದ್ಧ ಸಂಸ್ಕೃತವನ್ನಾಡುತ್ತಾನೆ, ಎಂದರೆ ಶಕಾರನಾಗಿಯೇ ಉಳಿಯುವುದಿಲ್ಲ. ಈ ತಪ್ಪು ನನಗೆ ಮನದಟ್ಟಾದುದು ಗ್ರಂಥದಿಂದಲ್ಲ. ಮರವಂತೆಯಲ್ಲಿ ಕಡಲಿಗೂ ಸೌಪರ್ಣಿಕೆಗೂ ನಡುವೆ ಕುಳಿತು ನೋಡಿದ ಬಡಗುತಿಟ್ಟಿನ ಆಟದಿಂದ. ಅಲ್ಲಿ ರಾಜನು ಗ್ರಾಂಥಿಕ ಕನ್ನಡದಲ್ಲಿ ಅರ್ಥ ಹೇಳಿದರೆ, ಹಾಸ್ಯಗಾರನು ಕುಂದಗನ್ನಡದಲ್ಲಿ ಉತ್ತರ ಕೊಡುತ್ತಾನೆ. ಭರತಮುನಿಯ ಭಾಷಾವಿಧಾನವು ನಮ್ಮ ಕಡಲತೀರದಲ್ಲಿ ಇನ್ನೂ ಜೀವಂತವಾಗಿದೆ.

ಆದುದರಿಂದ ಮೃಚ್ಛಕಟಿಕವನ್ನು ಕನ್ನಡಿಸುವವರೂ, ಬೋಧಿಸುವವರೂ, ತೆರೆಗೆ ತರುವವರೂ ಮೊದಲು ಕೇಳಬೇಕಾದ ಪ್ರಶ್ನೆಯೊಂದೇ: ಶಕಾರನ ನಾಲಗೆಯನ್ನು ಅವನಿಗೆ ಉಳಿಸಿಕೊಟ್ಟೆವೆ?