ಕಿರುತೆರೆಯಿಂದ ಲೊಕಾರ್ನೊವರೆಗೆ: ಅಕಿಯೊ ಜಿಸ್ಸೋಜಿ ನಿರ್ದೇಶನದ ಏಕಸೂತ್ರ

ಜಪಾನಿನ ನಿರ್ದೇಶಕ ಅಕಿಯೊ ಜಿಸ್ಸೋಜಿ (1937–2006) ಅವರ ಕೃತಿಗಳನ್ನು ಎರಡು ಗುಂಪುಗಳಾಗಿ ವಿಂಗಡಿಸುವುದು ಸುಲಭ. ಮಕ್ಕಳಿಗೆಂದು ತೆಗೆದ 'ಅಲ್ಟ್ರಾಮ್ಯಾನ್' ಸರಣಿಯ ಕಂತುಗಳು ಒಂದು ಕಡೆ, ಬೌದ್ಧ ಜಿಜ್ಞಾಸೆಯ ಚಲನಚಿತ್ರಗಳು ಇನ್ನೊಂದು ಕಡೆ. ಈ ವಿಂಗಡಣೆ ನಿಲ್ಲುವುದಿಲ್ಲ. ಎರಡರಲ್ಲೂ ಇರುವುದು ಒಂದೇ ನೈತಿಕ ಪ್ರಶ್ನೆ, ಒಂದೇ ದೃಶ್ಯಭಾಷೆ ಎಂಬುದು ಈ ಲೇಖನದ ವಾದ.

ವಾಸೆದಾ ವಿಶ್ವವಿದ್ಯಾಲಯದಲ್ಲಿ ಓದಿದ ಜಿಸ್ಸೋಜಿ 1959ರಲ್ಲಿ ಟಿಬಿಎಸ್ ದೂರದರ್ಶನ ಸಂಸ್ಥೆಯನ್ನು ಸೇರಿದರು. 1966ರಲ್ಲಿ ತ್ಸುಬುರಾಯಾ ಸಂಸ್ಥೆಯ 'ಅಲ್ಟ್ರಾಮ್ಯಾನ್' ಸರಣಿಯ ಕೆಲವು ಕಂತುಗಳನ್ನು ನಿರ್ದೇಶಿಸಿದರು. ಮಾಮೊರು ಸಸಾಕಿ ಬರೆದ 23ನೆಯ ಕಂತಿನ ದೈತ್ಯ ಜಮಿಲಾ ಮೂಲತಃ ಮನುಷ್ಯ. ನೀರಿಲ್ಲದ ಗ್ರಹದಲ್ಲಿ ಸಿಲುಕಿದ ಗಗನಯಾತ್ರಿಯನ್ನು ಅವನ ದೇಶವೇ ಕೈಬಿಟ್ಟಿದೆ, ಅಲ್ಲಿ ಅವನ ರೂಪ ಮಾರ್ಪಟ್ಟಿದೆ. ಅವನ ಗುರುತನ್ನು ಮುಚ್ಚಿಟ್ಟು ಕೊಲ್ಲಬೇಕೆಂಬ ಆಜ್ಞೆ ಬರುತ್ತದೆ. ಅಲ್ಟ್ರಾಮ್ಯಾನ್ ನೀರೆರಚಿಯೇ ಅವನನ್ನು ಮುಗಿಸುತ್ತಾನೆ. ಆಮೇಲೆ ವಿಜ್ಞಾನಕ್ಕಾಗಿ ಮಡಿದವನೆಂದು ಹೊಗಳುವ ಸ್ಮಾರಕಶಿಲೆ ಏಳುತ್ತದೆ. ಗೆದ್ದವರ ಕಣ್ಣೆದುರೇ ಗೆಲುವು ಕಳಂಕವಾಗುತ್ತದೆ.

ಜಿಸ್ಸೋಜಿ ಅವರೇ ನಿರ್ದೇಶಿಸಿದ, 1967ರ 'ಅಲ್ಟ್ರಾ ಸೆವೆನ್' ಸರಣಿಯ ಎಂಟನೆಯ ಕಂತಿನಲ್ಲಿ ಮೆಟ್ರಾನ್ ಗ್ರಹದವನು ಸಿಗರೇಟಿನಲ್ಲಿ ವಿಷ ಬೆರೆಸಿ ಮನುಷ್ಯರ ಪರಸ್ಪರ ನಂಬಿಕೆಯನ್ನೇ ಕೆಡವಲು ಹೊರಡುತ್ತಾನೆ. ಹಳೆಯ ಬಾಡಿಗೆ ಕೋಣೆಯ ಚಾಪೆಯ ಮೇಲೆ, ಗಿಡ್ಡ ಮೇಜಿನ ಆಚೀಚೆ ನಾಯಕನೂ ಅನ್ಯಗ್ರಹದವನೂ ಎದುರುಬದುರು ಕುಳಿತು ಮಾತನಾಡುತ್ತಾರೆ. ಅಷ್ಟು ನಂಬಿಕೆ ನಮ್ಮಲ್ಲಿ ಇನ್ನೂ ಬೆಳೆದಿಲ್ಲವಾದ್ದರಿಂದ ಸದ್ಯಕ್ಕೆ ಭಯವಿಲ್ಲ ಎಂದು ನಿರೂಪಕ ಕೊನೆಗೆ ಹೇಳುತ್ತಾನೆ.

ಆರ್ಟ್ ಥಿಯೇಟರ್ ಗಿಲ್ಡ್ ಸಂಸ್ಥೆಯ ಸಹಯೋಗದಲ್ಲಿ ಅವರು ತೆಗೆದ ಚಲನಚಿತ್ರ 'ಮುಜೊ' (1970) ಅದೇ ವರ್ಷ ಲೊಕಾರ್ನೊ ಚಿತ್ರೋತ್ಸವದಲ್ಲಿ ಸ್ವರ್ಣ ಚಿರತೆ ಪ್ರಶಸ್ತಿಯನ್ನು ಇತರ ಚಿತ್ರಗಳೊಂದಿಗೆ ಹಂಚಿಕೊಂಡಿತು. ಅಕ್ಕನೊಡನೆ ನಿಷಿದ್ಧ ಸಂಬಂಧ ಬೆಳೆಸುವ, ಬುದ್ಧಮೂರ್ತಿಗಳ ಮೋಹದಲ್ಲಿ ಮುಳುಗಿದ ಯುವಕ ಪಾಪಪುಣ್ಯಗಳ ನೆಲೆಯನ್ನೇ ಪ್ರಶ್ನಿಸಿ ಭಿಕ್ಷುವಿನೊಡನೆ ವಾದಕ್ಕಿಳಿಯುತ್ತಾನೆ. ಜಮಿಲಾನ ಕಥೆಯಲ್ಲಿ ಮೂಡಿದ ಶಂಕೆ ಇಲ್ಲಿ ತಾತ್ವಿಕ ಸ್ಪಷ್ಟತೆ ಪಡೆಯುತ್ತದೆ. ವೈಡ್ ಆಂಗಲ್ ಮಸೂರ, ಚೌಕಟ್ಟಿನ ಅಂಚಿಗೆ ಸರಿದ ಮುಖಗಳು, ದಟ್ಟ ನೆರಳು ಇವೆಲ್ಲ ಕಿರುತೆರೆಯಲ್ಲಿ ಮೊದಲೇ ಪಳಗಿದ್ದವು. 'ಮಂದರ' (1971) ಮತ್ತು 'ಉತಾ' (1972) ಚಿತ್ರಗಳು ಇದೇ ಚಿಂತನೆಯನ್ನು ಮುಂದುವರಿಸಿದವು.

ಚಿತ್ರರಂಗದಲ್ಲಿ ಹೆಸರಾದ ಮೇಲೂ ಅವರು ಕಿರುತೆರೆಯನ್ನು ಬಿಡಲಿಲ್ಲ. 'ಅಲ್ಟ್ರಾಮ್ಯಾನ್ ಮ್ಯಾಕ್ಸ್' ಸರಣಿಗಾಗಿ 2005ರಲ್ಲಿ ಮೆಟ್ರಾನ್ ಕಥೆಯನ್ನೇ ಮತ್ತೆ ಕೈಗೆತ್ತಿಕೊಂಡರು. ಹೀಗಾಗಿ ದೂರದರ್ಶನವು ಅವರಿಗೆ ಚಿತ್ರರಂಗದ ಮೆಟ್ಟಿಲಾಗಿರಲಿಲ್ಲ, ಜೀವನಪೂರ್ತಿಯ ಕರ್ಮಭೂಮಿಯಾಗಿತ್ತು. ಜಪಾನಿ ಹೊಸ ಅಲೆಯ ಇತಿಹಾಸ ಬರೆಯುವವರು ಮಕ್ಕಳ ಸರಣಿಯ ಆ ಕಂತುಗಳನ್ನು 'ಮುಜೊ' ಚಿತ್ರದ ಪಕ್ಕದಲ್ಲಿಟ್ಟೇ ಅಧ್ಯಯನ ಮಾಡಬೇಕು.