ಬೆನ್ನುಚೀಲದ ಪಟ್ಟಿ

ಚಾರಣದ ಚೀಲದ ಭಾರವನ್ನು ಹೆಗಲಿಗೂ ಸೊಂಟಕ್ಕೂ ಹಂಚುವ, ಬಕಲ್‌ನಲ್ಲಿ ಬಿಗಿದು ಸಡಿಲಿಸಬಹುದಾದ ಚಪ್ಪಟೆ ನೇಯ್ಗೆ. ಮಂಚದ ನವಾರಿನ ಜಾತಿಯದೇ, ಆದರೆ ನೇಯ್ಗೆ ಹೆಚ್ಚು ಒತ್ತು. ಹೆಗಲ ಬದಿಯ ಎಳೆಪಟ್ಟಿ ಸಾಮಾನ್ಯವಾಗಿ 20 ಅಥವಾ 25 ಮಿ.ಮೀ., ಸೊಂಟದ್ದು 38 ಅಥವಾ 50 ಮಿ.ಮೀ. ಅಗಲ. ಇಂದು ಬಳಕೆಯಲ್ಲಿರುವ ಮುಖ್ಯ ಎಳೆಗಳು ನೈಲಾನ್, ಪಾಲಿಯೆಸ್ಟರ್, ಪಾಲಿಪ್ರೊಪಿಲೀನ್.

ಚಿಕ್ಕಮಗಳೂರು, ಮೂಡಿಗೆರೆ, ಕಳಸದ ಕಾಫಿ ಸೀಮೆಯಲ್ಲಿ ಆಯ್ಕೆಯನ್ನು ನಿರ್ಧರಿಸುವುದು ಮಳೆ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಒಮ್ಮೆ ನೆನೆದ ಚೀಲ ದಿನಗಟ್ಟಲೆ ಆರದು. ಹಳೆಯ ಹತ್ತಿಪಟ್ಟಿಯನ್ನು ಕೆಡಿಸುತ್ತಿದ್ದುದು ನೀರಲ್ಲ, ಆಮೇಲೆ ಹಿಡಿಯುವ ಬೂಷ್ಟು. ನೆನೆದ ಹತ್ತಿ ನಿಜಕ್ಕೂ ತುಸು ಹೆಚ್ಚೇ ಗಟ್ಟಿ.

1935ರಲ್ಲಿ ಅಮೆರಿಕದ ಡ್ಯೂಪಾಂಟ್ ಪ್ರಯೋಗಾಲಯದಲ್ಲಿ ವಾಲೇಸ್ ಕರೋದರ್ಸ್ ರೂಪಿಸಿದ ನೈಲಾನ್ ಬಂಡೆಗೆ ಉಜ್ಜಿದರೂ ಬೇಗ ಸವೆಯದು. ಆದರೆ ಸಾಧಾರಣ ತೇವದ ಗಾಳಿಯಿಂದಲೇ ತನ್ನ ತೂಕದ ಸುಮಾರು ಶೇ. 4ರಷ್ಟು ನೀರು ಹೀರುತ್ತದೆ. ನೆನೆದಾಗ ಬಲ ಸ್ವಲ್ಪ ತಗ್ಗುವುದು ದೊಡ್ಡ ವಿಷಯವಲ್ಲ, ಚೀಲದ ಭಾರಕ್ಕಿಂತ ಪಟ್ಟಿಯ ಬಲ ಎಷ್ಟೋ ಪಟ್ಟು ಹೆಚ್ಚಿರುತ್ತದೆ. ತೊಂದರೆಯಿರುವುದು ಹಿಗ್ಗುವುದರಲ್ಲಿ. ಮುಳ್ಳೋಡಿಯಿಂದ ಕುದುರೆಮುಖಕ್ಕೆ ಜಿಟಿಜಿಟಿ ಮಳೆಯಲ್ಲಿ ಹತ್ತುವಾಗ ಇಂಥ ಪಟ್ಟಿಯನ್ನು ಮತ್ತೆ ಮತ್ತೆ ಬಿಗಿಯಬೇಕಾಗುತ್ತದೆ.

ಪಾಲಿಯೆಸ್ಟರ್ ಹೀರುವುದು ಶೇ. 0.4ರಷ್ಟು ಮಾತ್ರ. ಹಿಗ್ಗು ಕಡಿಮೆ, ಬಿಸಿಲಿಗೂ ನೈಲಾನ್‌ಗಿಂತ ಚೆನ್ನಾಗಿ ತಡೆಯುತ್ತದೆ. ಹೀಗಾಗಿ ಎಳೆಪಟ್ಟಿಗೆ ಪಾಲಿಯೆಸ್ಟರ್, ನೆಲಕ್ಕೂ ಬಂಡೆಗೂ ತಾಗುವ ಹಿಡಿಕೆಗೆ ನೈಲಾನ್ ಎಂಬ ಜೋಡಣೆ ಈ ಸೀಮೆಗೆ ಒಪ್ಪುತ್ತದೆ. ಪಾಲಿಯೆಸ್ಟರಿನ ಶತ್ರು ಪ್ರಬಲ ಕ್ಷಾರ. ತೋಟಗಳಲ್ಲಿ ಎಲೆತುಕ್ಕು ರೋಗಕ್ಕೆ ಹೊಡೆಯುವ ಬೋರ್ಡೋ ದ್ರಾವಣದಲ್ಲಿ ಮೈಲುತುತ್ತದ ಜೊತೆ ಸುಣ್ಣವೂ ಇರುವುದರಿಂದ, ಬೆನ್ನಿಗೆ ಹಾಕುವ ಸ್ಪ್ರೇಯರಿನ ಪಟ್ಟಿಯನ್ನು ಕೆಲಸ ಮುಗಿದೊಡನೆ ತೊಳೆಯುವುದು ಲೇಸು.

ಪಾಲಿಪ್ರೊಪಿಲೀನ್ ನೀರನ್ನೇ ಹೀರದು, ಅಗ್ಗ, ಕ್ಷಾರಕ್ಕೂ ಜಗ್ಗದು. ಮಳೆಗಾಲವೊಂದನ್ನೇ ನೋಡಿದರೆ ಇದೇ ಗೆಲ್ಲಬೇಕು. ಆದರೆ ರಕ್ಷಕ ಬೆರೆಸದಿದ್ದರೆ ಬಿಸಿಲಿಗೆ ಪುಡಿಪುಡಿಯಾಗುತ್ತದೆ. ಮುಳ್ಳಯ್ಯನಗಿರಿಯಂಥ ಮರವಿಲ್ಲದ ಹುಲ್ಲುಬೆಟ್ಟಗಳಲ್ಲಿ ಬೇಸಿಗೆಯ ಬಿಸಿಲಿಗೆ ಮರೆಯೇ ಇಲ್ಲ. ಉಜ್ಜಾಟಕ್ಕೂ ನೈಲಾನ್‌ನಷ್ಟು ತಡೆಯದು, ಸುಮಾರು 165 ಡಿಗ್ರಿ ಸೆಲ್ಸಿಯಸ್‌ಗೆ ಕರಗುತ್ತದೆ. ಅತಿ ಬಲದ ಡೈನೀಮಾ ಎಳೆ ಬಕಲ್‌ನಲ್ಲಿ ಜಾರುವುದರಿಂದ ಎಳೆಪಟ್ಟಿಗೆ ಒಗ್ಗದು.

ಪಟ್ಟಿ ಗಟ್ಟಿಯಿದ್ದರೂ ಹೊಲಿಗೆ ಬಿಟ್ಟುಕೊಡಬಹುದು. ದುರಸ್ತಿಗೆ ಹತ್ತಿ ದಾರ ಬಳಸಿದರೆ ಪಟ್ಟಿಗಿಂತ ಮೊದಲು ದಾರವೇ ಕೊಳೆಯುತ್ತದೆ. ಪಾಲಿಯೆಸ್ಟರ್ ದಾರವೇ ಆಗಬೇಕು. ಕತ್ತರಿಸಿದ ತುದಿಯನ್ನು ಬಿಸಿಮಾಡಿ ಅಂಟಿಸದಿದ್ದರೆ ಎಳೆ ಬಿಚ್ಚಿಕೊಳ್ಳುತ್ತದೆ.

ಅಂಗಡಿಯಲ್ಲಿ ಮೂರೂ ಒಂದೇ ಬಗೆಯಾಗಿ ಕಾಣುತ್ತವೆ. ಚಿಕ್ಕ ತುಂಡನ್ನು ನೀರಿನಲ್ಲಿ ಹಿಂಡಿ ಗುಳ್ಳೆ ಹೊರಡಿಸಿ ಬಿಟ್ಟರೆ ಪಾಲಿಪ್ರೊಪಿಲೀನ್ ತೇಲುತ್ತದೆ, ಉಳಿದೆರಡು ಮುಳುಗುತ್ತವೆ.