ಗಣಿತಸೂತ್ರದಲ್ಲಿ ಪ್ರತ್ಯುದಾಹರಣೆ

ವ್ಯಾಕರಣವನ್ನು ವ್ಯಾಸಂಗಮಾಡಿದವರಿಗೆ 'ಪ್ರತ್ಯುದಾಹರಣೆ' ಎಂಬ ಪದವು ಹೊಸದಲ್ಲ. ಸೂತ್ರದಲ್ಲಿಯ ಒಂದು ಪದವನ್ನು ಕೈಬಿಟ್ಟರೆ ಎಂತಹ ಅನಿಷ್ಟರೂಪವು ಪ್ರಾಪ್ತವಾಗುವುದೆಂಬುದನ್ನು ವೃತ್ತಿಕಾರರು ಅದರಿಂದ ತೋರಿಸುವರು. ಕಾರವಾರ, ಅಂಕೋಲೆಗಳನ್ನೊಳಗೊಂಡ ಉತ್ತರ ಕನ್ನಡ ಜಿಲ್ಲೆಗೆ ಈ ಶಾಸ್ತ್ರಮಾರ್ಗವು ಪರಿಚಿತವಾದುದೇ. 1604ರಲ್ಲಿ 'ಶಬ್ದಾನುಶಾಸನ'ವನ್ನು ರಚಿಸಿದ ಭಟ್ಟಾಕಳಂಕದೇವನು ಭಟ್ಕಳ ಸೀಮೆಯ ಹಾಡುವಳ್ಳಿಯ ಗುರುಪರಂಪರೆಗೆ ಸೇರಿದವನು. ಅದೇ ಸಾಧನವು ಗಣಿತಸೂತ್ರದ ಪರೀಕ್ಷೆಗೂ ಒದಗುವುದೆಂಬುದನ್ನು ಕನ್ನಡನಾಡಿನ ಮತ್ತೊಬ್ಬ ಜೈನಾಚಾರ್ಯನ ಗ್ರಂಥದಿಂದ ತೋರಿಸುವುದು ಪ್ರಕೃತ ಲೇಖನದ ಉದ್ದೇಶ.

ಮಹಾವೀರಾಚಾರ್ಯನು ಅಮೋಘವರ್ಷ ನೃಪತುಂಗನ ಕಾಲದಲ್ಲಿ, ಸುಮಾರು 850ರಲ್ಲಿ, 'ಗಣಿತಸಾರಸಂಗ್ರಹ'ವನ್ನು ಸಂಸ್ಕೃತದಲ್ಲಿ ರಚಿಸಿದನು. ಎಂ. ರಂಗಾಚಾರ್ಯರು ಅದನ್ನು 1912ರಲ್ಲಿ ಮದರಾಸಿನಲ್ಲಿ ಇಂಗ್ಲಿಷ್ ಅನುವಾದದೊಡನೆ ಪ್ರಕಟಿಸಿದರು. ಹಾರದಂತೆ ತೋರುವ ಗುಣಲಬ್ಧಗಳು ಅದರಲ್ಲಿ ಹಲವುಂಟು. 152207ನ್ನು 73ರಿಂದ ಗುಣಿಸಿದರೆ 11111111 ಬರುವುದು. 146ರಿಂದ ಗುಣಿಸಿದರೆ 22222222. ಹೀಗೆ 73ರ ಮಗ್ಗಿಯ ಒಂಬತ್ತು ಮೆಟ್ಟಿಲುಗಳವರೆಗೂ ಒಂದೇ ಅಂಕಿಯ ಹಾರವು ದೊರೆಯುವುದು. ಇದನ್ನೇ ನಿಯಮವೆಂದು ನಂಬಿದವನಿಗೆ ಹತ್ತನೆಯ ಮೆಟ್ಟಿಲಿನಲ್ಲಿ 111111110 ಎದುರಾಗುವುದು. ಒಂಬತ್ತು ಉದಾಹರಣೆಗಳು ಸ್ಥಾಪಿಸಲಾರದುದನ್ನು ಒಂದು ಪ್ರತ್ಯುದಾಹರಣೆಯು ಕೆಡವಿತು.

ಈಗ ಆಚಾರ್ಯನ ಶೂನ್ಯಸೂತ್ರವನ್ನು ನೋಡೋಣ. ಶೂನ್ಯದಿಂದ ಗುಣಿತವಾದ ರಾಶಿಯು ಶೂನ್ಯವಾಗುವುದೆಂದೂ, ಶೂನ್ಯದಿಂದ ಭಾಗಿಸಲ್ಪಟ್ಟ ರಾಶಿಯು ವಿಕಾರಹೊಂದದೆ ಉಳಿಯುವುದೆಂದೂ ಅವನು ವಿಧಿಸಿದ್ದಾನೆ. ಲಬ್ಧವನ್ನು ಭಾಜಕದಿಂದ ಗುಣಿಸಿದರೆ ಭಾಜ್ಯವು ಮರಳಬೇಕು. 12ನ್ನು 3ರಿಂದ ಭಾಗಿಸಿದರೆ 4. 4ನ್ನು 3ರಿಂದ ಗುಣಿಸಿದರೆ ಪುನಃ 12. ಆದರೆ 12ನ್ನು ಶೂನ್ಯದಿಂದ ಭಾಗಿಸಿ 12 ಬಂದುದಾದರೆ, 12ನ್ನು ಶೂನ್ಯದಿಂದ ಗುಣಿಸಿದಾಗಲೂ 12 ಬರಬೇಕು. ಅವನ ಗುಣಾಕಾರವಿಧಿಯಂತೆ ಬರುವುದು ಶೂನ್ಯ. ಎರಡರಲ್ಲಿ ಯಾವುದು ತ್ಯಾಜ್ಯ? ಶೂನ್ಯವೆಂದರೆ 3ರಲ್ಲಿ 3 ಕಳೆದುದು. 12ನ್ನು ಅದರಿಂದ ಗುಣಿಸಿದರೆ 36ರಲ್ಲಿ 36 ಕಳೆದಂತಾಗಿ ಶೂನ್ಯವೇ ಬರುವುದು. ಆದುದರಿಂದ ಗುಣಾಕಾರವಿಧಿಯು ನಿಲ್ಲುವುದು, ದೋಷವು ಭಾಗಾಹಾರದಲ್ಲಿದೆ.

ಅಂಕೋಲೆಯ ಹನ್ನೆರಡು ಕರಿ ಇಶಾಡು ಮಾವಿನಹಣ್ಣುಗಳನ್ನು ಹಂಚಿಕೊಳ್ಳಲು ಯಾರೂ ಬಾರದಿದ್ದರೆ ಹನ್ನೆರಡೂ ಉಳಿಯುವುವಲ್ಲವೆ ಎಂದು ಆಚಾರ್ಯನ ಪರವಾಗಿ ಸಮಾಧಾನ ಹೇಳಬಹುದು. ಉಳಿದುದು ನಿಜ, ಆದರೆ ಅದು ಶೇಷವೇ ಹೊರತು ಲಬ್ಧವಲ್ಲ. ಲಬ್ಧವೆಂದರೆ ಒಬ್ಬೊಬ್ಬನಿಗೆ ಬಂದ ಪಾಲು; ಪಾಲುಗಾರನೇ ಇಲ್ಲದೆಡೆ ಪಾಲೆಲ್ಲಿಯದು? 1150ರಲ್ಲಿ ಭಾಸ್ಕರಾಚಾರ್ಯನು ಇಂತಹ ರಾಶಿಯನ್ನು 'ಖಹರ'ವೆಂದು ಕರೆದು ಅನಂತವೆಂದನು. ಇಂದಿನ ಅಂಕಗಣಿತವು ಶೂನ್ಯದಿಂದ ಭಾಗಿಸುವುದನ್ನೇ ವಿಧಿಸುವುದಿಲ್ಲ.

ಇದರಿಂದ ಆಚಾರ್ಯನ ಹಿರಿಮೆಗೆ ಕುಂದಿಲ್ಲ. ಋಣರಾಶಿಗೆ ವರ್ಗಮೂಲವಿಲ್ಲವೆಂದು ಎಚ್ಚರದಿಂದ ಮಿತಿಯನ್ನು ಹೇಳಿದವನೂ ಅವನೇ. ವ್ಯಾಕರಣದಲ್ಲಿ ಪ್ರತ್ಯುದಾಹರಣೆಯು ಸೂತ್ರವನ್ನು ನಾಶಮಾಡದೆ ಅದಕ್ಕೆ ಬೇಕಾದ ವಿಶೇಷಣವನ್ನು ತೋರಿಸುವಂತೆ, ಇಲ್ಲಿಯೂ ಭಾಗಾಹಾರಸೂತ್ರಕ್ಕೆ ಬೇಕಾಗಿದ್ದುದು 'ಶೂನ್ಯವಲ್ಲದ' ಎಂಬ ಒಂದೇ ವಿಶೇಷಣ.